ಕೋರ್ಟಿನಲ್ಲಿ ಇಲ್ಲದ ಗೋಡೆ

ಸೋಮವಾರ ಬೆಳಿಗ್ಗೆ ಠಾಣೆ ಇನ್ನೂ ಕಣ್ಣುಜ್ಜಿಕೊಳ್ಳುತ್ತಿರುವಾಗಲೇ ನಗರಸಭೆಯ ಎಂಜಿನಿಯರ್ ಬೆವರೊರೆಸಿಕೊಳ್ಳುತ್ತ ಬಂದು ದೂರು ಕೊಟ್ಟರು. ಭಾನುವಾರ ಮಧ್ಯಾಹ್ನ ಯಾರೋ ಕಿಡಿಗೇಡಿಗಳು ನಗರಸಭೆಯ ವಾಹನ ನಿಲ್ಲಿಸುವ ಅಂಗಳದ ಗೋಡೆ ಕೆಡವಿದ್ದಾರೆ, ಕ್ರಮ ಕೈಗೊಳ್ಳಬೇಕು. ಇನ್‌ಸ್ಪೆಕ್ಟರ್ ಮೇಡಂ ಎಫ್‌ಐಆರ್ ದಾಖಲಿಸಿ, ಹೆಡ್ ಕಾನ್‌ಸ್ಟೇಬಲ್‌ನನ್ನು ಕರೆದುಕೊಂಡು ಸ್ಥಳಕ್ಕೆ ಹೊರಟರು.

ಅಂಗಳದ ಹಿಂದೊಂದು ಓಣಿ. ಓಣಿಯ ಬಾಯಿಗೆ ಅಡ್ಡವಾಗಿದ್ದ ಗೋಡೆ ಒಂದು ಗಾಡಿ ಹಿಡಿಸುವಷ್ಟು ಅಗಲಕ್ಕೆ ಮಾಯವಾಗಿತ್ತು. ಬಿಚ್ಚಿದ ಇಟ್ಟಿಗೆಗಳನ್ನು ಪಕ್ಕದಲ್ಲಿ ಸಾಲಾಗಿ ಜೋಡಿಸಿದ್ದರು. ನೆಲ ಗುಡಿಸಿ ಆಗಷ್ಟೇ ನೀರು ಚಿಮುಕಿಸಿದ್ದರು.

"ಕಸ ಗುಡಿಸಿ ಹೋಗೋ ಕಿಡಿಗೇಡಿಗಳನ್ನ ನನ್ನ ಸರ್ವಿಸ್‌ನಲ್ಲೇ ನೋಡಿಲ್ಲ ಮೇಡಂ" ಎಂದ ಹೆಡ್ ಕಾನ್‌ಸ್ಟೇಬಲ್.

ಇಬ್ಬರು ಪಂಚರ ಮುಂದೆ ಪಂಚನಾಮೆ ಬರೆದಾಯಿತು. ಒದ್ದೆ ನೆಲದ ಮೇಲೆ ಗಾಲಿಕುರ್ಚಿಯ ಗುರುತು ಸ್ಪಷ್ಟವಾಗಿತ್ತು. ಅದನ್ನೇ ಹಿಂಬಾಲಿಸಿ ಹೋದರೆ ಓಣಿಯ ಮೂರನೇ ಮನೆ. ಒಳಗೆ ಟೈಲರಮ್ಮ ಹೊಲಿಗೆ ಮೆಷಿನ್ ತುಳಿಯುತ್ತಿದ್ದಳು.

"ಗೋಡೆ ಒಡೆದದ್ದು ಯಾರಮ್ಮ?"

"ಯಾವ ಗೋಡೆ ಮೇಡಂ?"

"ತಮಾಷೆ ಬೇಡ."

"ತಮಾಷೆ ಮಾಡ್ತಿರೋದು ನಾನಲ್ಲ. ಗೋಡೆ ತೆಗೀರಿ ಅಂತ ಜಡ್ಜ್ ಸಾಹೇಬ್ರು ಹೇಳಿ ವರ್ಷ ಆಯ್ತು. ತೆಗೀಲಿಲ್ಲ. ನ್ಯಾಯಾಂಗ ನಿಂದನೆ ಕೇಸು ಹಾಕಿದೆ. ಶುಕ್ರವಾರ ಎಂಜಿನಿಯರ್ ಸಾಹೇಬ್ರು ಪ್ರಮಾಣ ಮಾಡಿ ಬರೆದುಕೊಟ್ರು, ಗೋಡೆ ಕೆಡವಿದ್ದಾಗಿದೆ ಅಂತ. ಮನೆಗೆ ಬಂದು ನೋಡ್ತೀನಿ, ಅದು ಹಾಗೇ ನಿಂತಿದೆ! ಪಾಪ, ಕೋರ್ಟಿಗೆ ಕೊಟ್ಟ ಮಾತು ಸುಳ್ಳಾಗಬಾರದಲ್ವಾ? ಓಣಿಯವರೆಲ್ಲ ಸೇರಿ ನಿಜ ಮಾಡಿಕೊಟ್ವಿ."

ಹೆಡ್ ಕಾನ್‌ಸ್ಟೇಬಲ್ ನಗು ಮುಚ್ಚಲು ಕೆಮ್ಮಿದ. ಇನ್‌ಸ್ಪೆಕ್ಟರ್‌ಗೆ ನಗು ಬರಲಿಲ್ಲ. ಎಫ್‌ಐಆರ್ ಬಿದ್ದಾಗಿತ್ತು, ಅದು ನೇರವಾಗಿ ಟೈಲರಮ್ಮನ ಕೊರಳಿಗೇ ಬರುತ್ತಿತ್ತು.

"ಗಾಲಿಕುರ್ಚಿ ಯಾರದ್ದು?"

"ನಮ್ಮನೆಯವರದ್ದು. ಮೇನ್ ರೋಡಲ್ಲಿ ವಾಚ್ ರಿಪೇರಿ ಅಂಗಡಿ. ಓಣಿಯ ಆ ತುದೀಲಿ ಬರೀ ಮೆಟ್ಟಿಲು. ಗೋಡೆ ಕಟ್ಟಿದ ಮೇಲೆ ಮನೆಯೊಳಗೇ ಕೂತುಬಿಟ್ರು, ಮಾತೇ ಕಮ್ಮಿ ಆಗಿತ್ತು. ಇವತ್ತು ಅಂಗಡಿ ಬಾಗಿಲು ತೆಗೆದಿದಾರೆ." ಅವಳ ದನಿ ಇಳಿಯಿತು. "ನನ್ನ ಒಳಗೆ ಹಾಕಿದ್ರೂ ಚಿಂತೆಯಿಲ್ಲ ಮೇಡಂ. ಗೋಡೆ ಮಾತ್ರ ಮತ್ತೆ ಕಟ್ಟೋಕೆ ಬಿಡಬೇಡಿ."

ಇನ್‌ಸ್ಪೆಕ್ಟರ್ ಮರುದಿನ ಕೋರ್ಟಿನಿಂದ ಪ್ರಮಾಣಪತ್ರದ ನಕಲು ತರಿಸಿ, ಎಂಜಿನಿಯರನ್ನು ಕರೆಸಿ, ಅದನ್ನೂ ದೂರನ್ನೂ ಅವರ ಮುಂದಿಟ್ಟರು. ಎರಡರಲ್ಲೂ ಅವರದೇ ಸಹಿ.

"ಶುಕ್ರವಾರ ಗೋಡೆ ಇತ್ತಾ, ಇರಲಿಲ್ವಾ?"

"ಇತ್ತು ಅಂದ್ರೆ... ಅದೂ..."

"ಇತ್ತು ಅಂದ್ರೆ ಕೋರ್ಟಿಗೆ ಸುಳ್ಳು. ಇರಲಿಲ್ಲ ಅಂದ್ರೆ ನನಗೆ ಸುಳ್ಳು. ಯಾವುದು ಅಂತ ನೀವೇ ಹೇಳಿ."

ಇನ್‌ಸ್ಪೆಕ್ಟರ್ ವರದಿಯನ್ನು ಕೋರ್ಟಿಗೆ ಸಲ್ಲಿಸಿದರು. ಗುರುವಾರ ಆದೇಶ ಬಂತು: ಗೋಡೆ ಮತ್ತೆ ಏಳಕೂಡದು, ಓಣಿಯವರ ಮೇಲಿನ ಪ್ರಕರಣ ರದ್ದು, ನಗರಸಭೆಯ ಕಮಿಷನರ್‌ಗೆ ನೋಟಿಸು, ಎಂಜಿನಿಯರ್‌ಗೆ ಬಂಧನದ ವಾರಂಟು. ಟೈಲರಮ್ಮ ಠಾಣೆಗೇ ಬಂದು ಇನ್‌ಸ್ಪೆಕ್ಟರ್ ಅವರ ಕೈ ಹಿಡಿದುಕೊಂಡು ಅತ್ತು, ಅಳುತ್ತಲೇ ನಕ್ಕಳು. ಒಬ್ಬರನ್ನು ಹಿಡಿದು ತರಲು ಹೊರಡುವಾಗ ಇಷ್ಟು ಖುಷಿ ಇನ್‌ಸ್ಪೆಕ್ಟರ್‌ಗೆ ಯಾವತ್ತೂ ಆಗಿರಲಿಲ್ಲ.

ಮಧ್ಯಾಹ್ನ ಎಂಜಿನಿಯರನ್ನು ಅವರ ಕಚೇರಿಯಲ್ಲೇ ಬಂಧಿಸಿದರು. ತಕರಾರಿಲ್ಲದೆ ಬಂದರು.

"ಯಾಕ್ರೀ ಹೀಗೆ ಮಾಡಿದ್ರಿ?"

"ಓಣಿಗೆ ದಾರಿ ಬಿಟ್ರೆ ಕಮಿಷನರ್ ಸಾಹೇಬ್ರ ಕಾರಿಗೆ ಜಾಗ ಇರಲ್ಲ. ತೆಗೀಬೇಡ ಅಂದ್ರು, ಆಯ್ತು ಸರ್ ಅಂದೆ. ತೆಗೆದಾಯ್ತು ಅಂತ ಬರೆದುಕೊಡು ಅಂದ್ರು, ಆಯ್ತು ಸರ್ ಅಂದೆ. ಒಡೆದ ಮೇಲೆ ದೂರು ಕೊಡು ಅಂದ್ರು. ಆಗದು ಅನ್ನೋಕೆ ನನಗೆ ಬಾಯೇ ಬರಲ್ಲ ಮೇಡಂ. ಸರ್ವಿಸ್ ಪೂರ್ತಿ ಹೀಗೇ."

ಇನ್‌ಸ್ಪೆಕ್ಟರ್ ಬಂಧನದ ಪತ್ರ ಮುಂದಿಟ್ಟರು. "ಓದಿ ನೋಡಿ, ಸರಿ ಇದ್ರೆ ಮಾತ್ರ ಸಹಿ ಹಾಕಿ."

"ಆಯ್ತು ಮೇಡಂ" ಎಂದವರೇ ಎಂಜಿನಿಯರ್ ಹಾಳೆಯ ಕೊನೆಗೆ ಪೆನ್ನು ಒಯ್ದರು.

ಇನ್‌ಸ್ಪೆಕ್ಟರ್ ಮೆಲ್ಲಗೆ ಆ ಪೆನ್ನು ತೆಗೆದಿಟ್ಟರು. ಅವರಿಗೊಂದು ಕುರ್ಚಿ ಎಳೆದು ಕೊಟ್ಟು, ಮೊದಲ ಸಾಲಿನಿಂದ ತಾವೇ ಓದಿ ಹೇಳತೊಡಗಿದರು.