ನಾಯಕನ ಹೆಜ್ಜೆ ಸದ್ದು

ದೇಬಾಂಜನ ಲಾಹಿರಿ ಸದ್ದಿನ ಕೋಣೆಗೆ ಬಂದು, ಜಲ್ಲಿ ತುಂಬಿದ ಮರದ ಪೆಟ್ಟಿಗೆಯ ಅಂಚಿನ ಮೇಲೆ ಕೂತು, "ಭವದಾ, ಈ ಸಿನಿಮಾ ನಿಮಗೋಸ್ಕರಾನೇ ಮಾಡಿದ್ದು," ಎಂದಾಗ ಭವತೋಷ ಗುಚ್ಛಾಯಿತನ ಕೈಯಲ್ಲಿ ನಾಯಕನ ಬೂಟುಗಳಿದ್ದವು. ಎಡಗಾಲಿನದಕ್ಕೆ ಲೇಸು ಕಟ್ಟುತ್ತಿದ್ದ. ಕಟ್ಟುವುದನ್ನು ನಿಲ್ಲಿಸಲಿಲ್ಲ.

ಟಾಲಿಗಂಜ್‌ನ ಆ ಮೂರು ಮಹಡಿಯ ಸ್ಟುಡಿಯೋ ಕಟ್ಟಡದಲ್ಲಿ ಭವತೋಷನ ಕೆಲಸ ಇದೇ. ಚಿತ್ರೀಕರಣ ಮುಗಿದ ಮೇಲೆ, ಪರದೆಯ ಮೇಲೆ ಓಡುವ ಚಿತ್ರ ನೋಡುತ್ತಾ ಮೈಕಿನ ಮುಂದೆ ಅದಕ್ಕೆ ಸರಿಯಾಗಿ ಸದ್ದು ಮಾಡುವುದು. ಗುದ್ದಿಗೆ ನೆನೆಸಿದ ಟವೆಲು, ಮೂಳೆ ಮುರಿಯಲು ಒಣಗಿದ ಸೆಣಬಿನ ಕಡ್ಡಿ. ನಾಯಕ ಓಡಿದರೆ ಭವತೋಷ ಜಲ್ಲಿಯ ಪೆಟ್ಟಿಗೆಯೊಳಗೆ ನಿಂತಲ್ಲೇ ಓಡಬೇಕು. ಪರದೆಯ ಮೇಲಿನ ಮುಖ ಬೇರೆಯವರದು, ಹೆಜ್ಜೆಗಳು ಮಾತ್ರ ಅವನವು.

"ಕೊನೇ ರೀಲು ನೋಡಿದ್ರಾ? ಸತ್ತೋನ ಹೆಂಡತಿ ಬಂದು ಹೀರೋ ಕೈ ಹಿಡಕೊಂಡು ಅಣ್ಣಾ ಅಂತ ಅಳ್ತಾಳಲ್ಲ. ಅದನ್ನ ಬರೀವಾಗ ನೀವೇ ನನ್ನ ಕಣ್ಮುಂದೆ ಇದ್ರಿ."

"ನೋಡ್ದೆ."

"ಹೇಗಿದೆ?"

"ಬೂಟು ಒಳ್ಳೇ ಸದ್ದು ಮಾಡುತ್ತೆ."

ದೇಬಾಂಜನ ಜೋರಾಗಿ ನಕ್ಕ. "ನೀವು ಬದಲಾಗೋರೇ ಅಲ್ಲ!" ಎಂದು ಅವನ ಬೆನ್ನು ತಟ್ಟಿ ಹೋದ.

ಸಿನಿಮಾದ ನಾಯಕ ಪುರುಲಿಯಾದ ಕಲ್ಲುಗಣಿಯಲ್ಲಿ ಮದ್ದು ಸಿಡಿಸುವವನು. ಹೊತ್ತಿಗೆ ಮುಂಚೆ ಸಿಡಿದ ಮದ್ದಿಗೆ ಒಬ್ಬ ಕೂಲಿ ಸಾಯುತ್ತಾನೆ, ಅಪವಾದ ನಾಯಕನ ತಲೆಗೆ ಬರುತ್ತದೆ. ಜೈಲಿನಿಂದ ಹೊರಬಂದು ಊರು ತುಂಬ ಜನರನ್ನು ಹೊಡೆದುರುಳಿಸಿ, ನಿಜವಾದ ತಪ್ಪಿತಸ್ಥನನ್ನು ಕಬ್ಬಿಣದ ಗೋಪುರದ ಮೇಲಿಂದ ಬೀಳಿಸಿ, ತನ್ನ ಹೆಸರು ತೊಳೆದುಕೊಳ್ಳುತ್ತಾನೆ. ತಪ್ಪಿತಸ್ಥ ದಪ್ಪ ಮೀಸೆಯ ಗುತ್ತಿಗೆದಾರ. ದೇಬಾಂಜನನಿಗೆ ಮೀಸೆಯಿಲ್ಲ.

ಹನ್ನೆರಡು ವರ್ಷದ ಹಿಂದೆ ಭವತೋಷ ಚಿತ್ರೀಕರಣದ ಜಾಗದಲ್ಲಿ ಧ್ವನಿ ಹಿಡಿಯುವವನಾಗಿದ್ದ. ರೂಪನಾರಾಯಣ ನದಿಯ ಮರಳ ದಂಡೆಯಲ್ಲಿ ಜೀಪು ಸಿಡಿಯುವ ದೃಶ್ಯ. ಸಾಹಸ ಕಲಾವಿದ ಬಾದಲ್ ಸರ್ದಾರ್ ಜೀಪಿನಿಂದ ಹಾರಿ ದೂರ ಸರಿದದ್ದನ್ನು ಮೊದಲು ಕಂಡವನು ವಾಕಿಟಾಕಿಯಲ್ಲಿ 'ಹೊಡಿ' ಎನ್ನಬೇಕು, ಆಗ ಮದ್ದಿನವನು ಗುಂಡಿ ಒತ್ತಬೇಕು. ಬಾದಲ್ ಇನ್ನೂ ಬಾಗಿಲ ಹಿಡಿ ತಿರುಗಿಸುತ್ತಿದ್ದಾಗಲೇ 'ಹೊಡಿ' ಎಂಬ ಮಾತು ಬಂತು; ಬಾದಲ್ ಅಲ್ಲೇ ಸತ್ತ. ಮದ್ದಿನವನನ್ನು ಬಿಟ್ಟರೆ ಅಲ್ಲಿ ವಾಕಿಟಾಕಿ ಇದ್ದದ್ದು ಇಬ್ಬರ ಕೈಯಲ್ಲಿ. ಒಬ್ಬ ಆಗಿನ್ನೂ ಸಹಾಯಕ ನಿರ್ದೇಶಕನಾಗಿದ್ದ ದೇಬಾಂಜನ, ಇನ್ನೊಬ್ಬ ಭವತೋಷ. ದೇಬಾಂಜನ ಪೊಲೀಸರ ಮುಂದೆ ಅಳುತ್ತಾ, ಅಂದದ್ದು ಭವದಾ ಎಂದ. ಮದ್ದಿನವನು ಗರಗರ ಸದ್ದಿನಲ್ಲಿ ಗುರುತು ಸಿಗಲಿಲ್ಲವೆಂದ. ಭವತೋಷ ಜೈಲಿಗೆ ಹೋದ. ಮೊಕದ್ದಮೆ ಎಳೆದು ಎಳೆದು ಕೊನೆಗೆ ಸಾಕ್ಷ್ಯ ಸಾಲದೆಂದು ಬಿಟ್ಟರು. ಅವನು ಮಾಡಿಲ್ಲವೆಂದು ಮಾತ್ರ ಯಾರೂ ಹೇಳಲಿಲ್ಲ.

ಮನೆಗೆ ಬಂದ ದಿನ ಹೆಂಡತಿ ಸುಲೇಖಾ ಅನ್ನ ಬಡಿಸಿ ಎದುರಿಗೆ ಕೂತು ಕೇಳಿದ್ದಳು. "ನನ್ನ ಹತ್ರನಾದ್ರೂ ನಿಜ ಹೇಳ್ರೀ. ನೀವೇ ಅಂದ್ರಾ?"

ಅವನು ಇಲ್ಲ ಎಂದ. ಅವಳು ಸರಿ ಎಂದಳು. ಆ 'ಸರಿ'ಯ ಸದ್ದು ಅವನಿಗೆ ಗೊತ್ತು. ಮೂವತ್ತು ವರ್ಷ ಜನರ ದನಿ ಕೇಳಿ ಪಳಗಿದ ಕಿವಿ. ಅವಳು ನಂಬಿರಲಿಲ್ಲ. ಅವತ್ತಿನಿಂದ ಅವನಿಗೆ ಸಿಟ್ಟು ಬರುವುದು ನಿಂತಿತು. ಮೀನಿಗೆ ಉಪ್ಪು ಹೆಚ್ಚಾದರೂ ಕಡಿಮೆಯಾದರೂ ಒಂದೇ ಎನಿಸಿತು.

ಹಾಗಾಗಿ ದೇಬಾಂಜನನನ್ನು ಕೊಲ್ಲುವ ಯೋಚನೆ ಬಂದಾಗಲೂ ಸಿಟ್ಟಿನ ಜೊತೆ ಬರಲಿಲ್ಲ. ಬೂಟಿನ ಲೇಸು ಕಟ್ಟಿ ಮುಗಿಸುವಷ್ಟರಲ್ಲಿ ಅದು ಬಂದು ಕೂತಿತ್ತು. ಯಾವ ಸದ್ದಿಗೆ ಯಾವ ವಸ್ತು ಎಂದು ಯೋಚಿಸುವಂತೆಯೇ ಅವನು ಅದನ್ನೂ ಯೋಚಿಸಿದ.

ದೇಬಾಂಜನ ದಿನಾ ಊಟದ ಮೇಲೆ ತಾರಸಿಗೆ ಹೋಗಿ ನೀರಿನ ಟ್ಯಾಂಕಿನ ನೆರಳಲ್ಲಿ ಸಿಗರೇಟು ಸೇದುತ್ತಿದ್ದ. ಕೊಳವೆ ಹಾಕಲೆಂದು ಆ ಕಡೆಯ ಕೈಪಿಡಿ ಗೋಡೆಯನ್ನು ಒಡೆದಿದ್ದರು, ಉಳಿದದ್ದು ಮೊಣಕಾಲೆತ್ತರ. ಕೆಳಗೆ ಹಿಂದಿನ ಓಣಿ, ಹಳೆಯ ಸೆಟ್ಟುಗಳ ಕಬ್ಬಿಣ, ಇಟ್ಟಿಗೆ ರಾಶಿ. ಅಲ್ಲಿ ನಿಲ್ಲಬೇಡಿ ಎಂದು ಕಾವಲುಗಾರನಿಂದ ಹಿಡಿದು ನಿರ್ಮಾಪಕನವರೆಗೆ ಎಲ್ಲರೂ ಅವನಿಗೆ ಹೇಳಿದ್ದರು. ಅವನು ಬಿದ್ದರೆ, ಹೇಳಿದ್ದೆವಲ್ಲ ಎಂದು ಎಲ್ಲರೂ ಹೇಳುವರು.

ಸದ್ದಿನ ಕೋಣೆ ಎರಡನೇ ಮಹಡಿಯಲ್ಲಿತ್ತು. ಹಿಂದೆ ಜಾಡಮಾಲಿಗಳು ಓಡಾಡಲೆಂದು ಕಟ್ಟಿದ ಸುರುಳಿ ಮೆಟ್ಟಿಲು ಅದರ ಹಿಂಬಾಗಿಲಿಂದ ನೇರ ಟ್ಯಾಂಕಿನ ಬೆನ್ನಿಗೆ ಹತ್ತುತ್ತಿತ್ತು. ಆ ಬಾಗಿಲಿಗೆ ಗೋಣಿಚೀಲ ಒಟ್ಟಿದ್ದರಿಂದ ಅದು ತೆಗೆಯುತ್ತದೆಂದೇ ಬಹಳ ಜನರಿಗೆ ಗೊತ್ತಿರಲಿಲ್ಲ. ಮುಂಬಾಗಿಲಾಚೆಯ ಹಜಾರದಲ್ಲಿ ಧ್ವನಿಮುದ್ರಣದ ಮೌಪಿಯಾ ಕೂತು ಊಟ ಮಾಡುತ್ತಾಳೆ. ಒಳಗಿನ ಸದ್ದು ಅಲ್ಲಿಗೆ ಕೇಳುತ್ತದೆ; ಅವಳೇ ಸಾಕ್ಷಿ.

ಆ ಕೆಲಸಕ್ಕೆ ಹಿಂದಿನ ದಿನವೇ ಅವನು ನಾಯಕ ಗಣಿಯೊಳಗೆ ಓಡುವ ಇಡೀ ರೀಲಿಗೆ ಸದ್ದು ಮಾಡಿ ತನ್ನ ಸ್ವಂತ ಯಂತ್ರದಲ್ಲಿ ಹಿಡಿದಿಟ್ಟುಕೊಂಡ. ನಡುವೆ ಒಮ್ಮೆ ಕೆಮ್ಮಿದ. ಒಂದು ಕಡೆ ಹೆಜ್ಜೆ ತಪ್ಪಿಸಿ, "ಥೂ, ಇನ್ನೊಂದ್ಸಲ," ಎಂದು ಬೈದುಕೊಂಡ. ಆ ತಪ್ಪಿನ ಬಗ್ಗೆ ಅವನಿಗೆ ಸ್ವಲ್ಪ ಹೆಮ್ಮೆಯೂ ಆಯಿತು. ಇಂಥ ತಪ್ಪನ್ನು ಮುಂಚೆಯೇ ಮಾಡಿಟ್ಟುಕೊಳ್ಳಬಹುದೆಂದು ಯಾರಿಗೆ ಹೊಳೆದೀತು? ಮಾರನೆಯ ದಿನ ಅದನ್ನು ಸ್ಪೀಕರಿನಲ್ಲಿ ಹಾಕಿ, ಮೈಕಿನ ಮುಂದಿಟ್ಟು, ಕಂಪ್ಯೂಟರಿಗೆ ಮತ್ತೆ ಹಿಡಿಯಲು ಬಿಟ್ಟರೆ ದಿನ, ಹೊತ್ತು ಎಲ್ಲ ಅದೇ ಬರೆದುಕೊಳ್ಳುತ್ತದೆ. ಬಾಗಿಲ ಮೇಲಿನ ಕೆಂಪು ದೀಪ ಉರಿಯುತ್ತಿದ್ದರೆ ಯಾರೂ ಒಳಗೆ ಬರುವುದಿಲ್ಲ.

ಅವತ್ತು ಬೆಳಿಗ್ಗೆಯಿಂದ ಟಿವಿಯವರು ಮೂರನೇ ಮಹಡಿಯಲ್ಲಿ ದೇಬಾಂಜನನ ಸಂದರ್ಶನ ಮಾಡುತ್ತಿದ್ದರು. ದುರ್ಗಾಪೂಜೆಗೆ ಸಿನಿಮಾ ಬಿಡುಗಡೆ. ಭವತೋಷ ಅದನ್ನೂ ತೂಗಿ ನೋಡಿದ. ದೇಬಾಂಜನ ಊಟಕ್ಕೆ ಏಳುತ್ತಾನೆ, ಟಿವಿಯವರು ಬಿರಿಯಾನಿಗೆ ಹೋಗುತ್ತಾರೆ. ಇವತ್ತೂ ನಿನ್ನೆಯಂತೆಯೇ.

"ಮೌ, ನೀನು ಊಟ ಮುಗಿಸು. ಓಟದ ರೀಲು ನಾನೊಬ್ನೇ ತೆಗೀತೀನಿ."

"ನಿಮ್ಮ ಊಟ?"

"ಹೊಟ್ಟೆ ತುಂಬಿದ್ರೆ ಓಡಕ್ಕಾಗಲ್ಲ."

"ಅದೇ ಹೀರೋ ನೋಡಿ, ಮಟನ್ ತಿಂದು ಕ್ಯಾರವಾನಲ್ಲಿ ಮಲಗಿರ್ತಾನೆ," ಎಂದು ಮೌಪಿಯಾ ಡಬ್ಬಿ ಹಿಡಿದು ಹೊರಗೆ ಹೋದಳು. "ಅವನಿಗೆ ಬರೋ ಪ್ರಶಸ್ತೀಲಿ ಕಾಲಿನ ಪಾಲು ನಿಮಗೇ ಬರಬೇಕು, ಭವದಾ!"

ಕೆಂಪು ದೀಪ ಹತ್ತಿತು. ಕೋಣೆಯ ತುಂಬ ಅವನ ಹೆಜ್ಜೆಗಳು ಓಡತೊಡಗಿದವು. ಅವನು ಬೂಟು ಬಿಟ್ಟು, ಗೋಣಿಚೀಲ ಸರಿಸಿ, ಬರಿಗಾಲಲ್ಲಿ ಮೆಟ್ಟಿಲು ಹತ್ತಿದ. ಭಾದ್ರಪದದ ಬಿಸಿಲಿಗೆ ಕಬ್ಬಿಣ ಕಾದಿತ್ತು. ಅಂಗಾಲು ಸುಡುತ್ತಿದೆ ಎಂದು ಗೊತ್ತಾಯಿತು, ನೋವಾಗಲಿಲ್ಲ.

ಯೋಜನೆಯಲ್ಲಿ ಮಾತಿರಲಿಲ್ಲ. ಆದರೆ ದೇಬಾಂಜನ ತಿರುಗಿ ನೋಡಿಬಿಟ್ಟ. ಟಿವಿಗೆಂದು ಹೊಸ ರೇಷ್ಮೆ ಜುಬ್ಬಾ ತೊಟ್ಟಿದ್ದ, ಕೆನ್ನೆಯ ಮೇಲೆ ಪೌಡರು ಬೆವರಿಗೆ ಗೆರೆಗಟ್ಟಿತ್ತು.

"ಅರೆ ಭವದಾ! ಈ ಮೆಟ್ಟಿಲಲ್ಲಿ ಹತ್ತಿದ್ರಾ? ಮೊಣಕಾಲು ಉಳೀತಾ? ಸಿಗರೇಟ್ ತಗೊಳ್ಳಿ."

"ಬೇಡ."

"ಆ ಟಿವಿ ಹುಡುಗಿ ತಲೆ ತಿಂದ್ಲು. ಈ ಕತೆ ಎಲ್ಲಿಂದ ಬಂತು, ಎಲ್ಲಿಂದ ಬಂತು ಅಂತ ಒಂದೇ ಸಮ."

"ಏನಂದೆ?"

"ಕಲ್ಪನೆ ಅಂದೆ. ಇನ್ನೇನ್ ಅನ್ಲಿ?"

ಭವತೋಷನಿಗೆ ತಾನು ಕೇಳುತ್ತೇನೆಂದು ಗೊತ್ತಿರಲಿಲ್ಲ. "ದೇಬು, ಅವತ್ತು ಹೊಡಿ ಅಂದಿದ್ದು ಯಾರು?"

ದೇಬಾಂಜನ ಬೂದಿ ಕೊಡವಿದ. ಓಣಿಯ ಕಡೆ ನೋಡಿದ. "ಇದೇನು, ಇವತ್ತು?"

"ಹೇಳು. ಇಲ್ಲಿ ಯಾರಿದ್ದಾರೆ?"

"ನಾನೇ. ಇನ್ಯಾರು? ಬಾದಲ್ ಹಾರಿಬಿಟ್ಟ ಅನ್ಕೊಂಡೆ. ಬಿಸಿಲು ಕಣ್ಣಿಗೆ ಹೊಡೀತಿತ್ತು. ಆಮೇಲೆ ಹೆದರಿಕೆ ಆಯ್ತು, ನಿಮ್ಮ ಹೆಸರು ಬಂತು ಬಾಯಿಗೆ. ಅದಕ್ಕೇ ತಾನೇ ಭವದಾ ಈ ಸಿನಿಮಾ. ನನಗೇನು ಮನಸ್ಸಾಕ್ಷಿ ಇಲ್ವಾ?"

"ಇದನ್ನ ಸುಲೇಖಾಗೆ ಬಂದು ಹೇಳ್ತೀಯಾ?"

"ಅತ್ತಿಗೇಗಾ? ಈಗ್ಯಾಕೆ ಅದೆಲ್ಲ? ಬಿಡುಗಡೆ ದಿನ ಕರ್ಕೊಂಡು ಬನ್ನಿ. ಮೊದಲನೇ ಸಾಲಲ್ಲಿ ಕೂರಿಸ್ತೀನಿ."

ಹೀಗೆಂದು ಸಿಗರೇಟಿನ ತುಂಡನ್ನು ಓಣಿಗೆ ಎಸೆಯಲು ಬಗ್ಗಿದ. ಭವತೋಷ ಎರಡೂ ಅಂಗೈಯನ್ನು ಅವನ ಬೆನ್ನಿಗಿಟ್ಟು ತಳ್ಳಿದ. ಹೆಚ್ಚು ಬಲ ಬೇಕಾಗಲಿಲ್ಲ. ಹೋದ ವಾರ ಗುತ್ತಿಗೆದಾರನ ಬೀಳುವಿಕೆಗೆ ಅವನು ಒದ್ದೆ ಬಟ್ಟೆಯ ಮೂಟೆಯನ್ನು ಹಲಗೆಯ ಮೇಲೆ ಒಂದೇ ಸಮ ಎಸೆದಿದ್ದ, ದೇಬಾಂಜನ ಇನ್ನೂ ಭಾರ ಬೇಕು ಎಂದಿದ್ದ. ಈಗ ಬಂದದ್ದು ಚಿಕ್ಕ ಸದ್ದು. ಆಚೆ ರಸ್ತೆಯಲ್ಲಿ ಬಸ್ಸೊಂದು ಹಾರ್ನು ಹೊಡೆಯಿತು, ಅದರಲ್ಲಿ ಇದು ಮುಳುಗಿತು.

ಅವನು ಇಳಿದು ಬಂದಾಗ ಸ್ಪೀಕರಿನೊಳಗಿನ ಭವತೋಷ ಇನ್ನೂ ಓಡುತ್ತಿದ್ದ. ಇವನು ಚೀಲಗಳನ್ನು ಮೊದಲಿನಂತೆ ಒಟ್ಟಿ, ಬೂಟು ಹಾಕಿಕೊಂಡು, ರೀಲು ಮುಗಿಯುವವರೆಗೆ ಕಾದು, ತನ್ನ ಯಂತ್ರದಿಂದ ಹಿಂದಿನ ದಿನದ್ದನ್ನು ಅಳಿಸಿ ಬಾಗಿಲು ತೆಗೆದ. ಮೈಯೆಲ್ಲ ಬೆವರು. ಓಡಿದವನಿಗೆ ಇರಬೇಕಾದಷ್ಟೇ.

"ಹಿಂದುಗಡೆ ಯಾರೋ ಕಿರುಚ್ತಿದಾರೆ, ಭವದಾ," ಎಂದಳು ಮೌಪಿಯಾ, ಕೈಯಲ್ಲಿ ಇನ್ನೂ ತುತ್ತು ಹಿಡಿದು.

ಎಲ್ಲ ಅವನು ಎಣಿಸಿದಂತೆಯೇ ಆಯಿತು. ಹೇಳಿದ್ದೆವಲ್ಲ ಎಂದು ಎಲ್ಲರೂ ಹೇಳಿದರು. ಇನ್ಸ್‌ಪೆಕ್ಟರ್ ಇಮ್ದಾದುಲ್ ಮಂಡಲ್ ಹಳೆಯ ಮೊಕದ್ದಮೆಯ ನೆನಪಿದ್ದ ಮನುಷ್ಯ. ಭವತೋಷನನ್ನು ಕೂರಿಸಿ ಕೇಳಿದ. ಆದರೆ ಮೌಪಿಯಾ ಇನ್ಸ್‌ಪೆಕ್ಟರನ ಮುಖಕ್ಕೇ ಜೋರು ಮಾಡಿದಳು. "ಅವರು ಒಳಗೆ ಓಡ್ತಾನೇ ಇದ್ರು ಸಾರ್. ಒಂದ್ಸಲ ತಪ್ಪಿ ತಮಗೆ ತಾವೇ ಬೈಕೊಂಡ್ರು, ನಾನು ನಕ್ಕೂಬಿಟ್ಟೆ. ಪಾಪದ ಮನುಷ್ಯನ್ನ ಎಷ್ಟು ಸಲ ಅಂತ ಹಿಂಡ್ತೀರಿ?" ಕಂಪ್ಯೂಟರೂ ಅದನ್ನೇ ಹೇಳಿತು. ಮಂಡಲ್ ಅವನ ಕ್ಷಮೆ ಕೇಳಿ ಕಳಿಸಿದ. ಪೊಲೀಸಿನವರು ಅವನ ಕ್ಷಮೆ ಕೇಳಿದ್ದು ಅದೇ ಮೊದಲು.

ಪೂಜೆಗೆ ಸಿನಿಮಾ ಬಂತು, ಚೆನ್ನಾಗಿ ಓಡಿತು. ಷಷ್ಠಿಯ ದಿನ ಅವನು ಸುಲೇಖಾಳನ್ನು ಕರೆದೊಯ್ದ. ಕೊನೆಯಲ್ಲಿ ಎಲ್ಲರೂ ಎದ್ದು ಚಪ್ಪಾಳೆ ತಟ್ಟಿದರು. ಅವಳು ಸೆರಗಿನಿಂದ ಕಣ್ಣೊರಸಿಕೊಂಡು, "ಪಾಪ, ಅವನಿಗೆ ಕೊನೆಗಾದ್ರೂ ನ್ಯಾಯ ಸಿಕ್ತಲ್ಲ," ಎಂದಳು. ಅವನು ಹೂಂ ಎಂದ. ಹೊರಗೆ ಪೂಜೆಯ ಡೋಲಿನ ಬಡಿತ. ಅವಳಿಗೆ ಎಗ್ ರೋಲ್ ಕೊಡಿಸಿದ, ತಾನೂ ತಿಂದ. ರುಚಿ ಗೊತ್ತಾಗಲಿಲ್ಲ.

ಲಕ್ಷ್ಮೀಪೂಜೆ ಕಳೆದ ಮೇಲೆ ಮಂಡಲ್ ಫೋನ್ ಮಾಡಿದ. "ಭವಬಾಬು, ಒಂದು ಸಣ್ಣ ಉಪಕಾರ. ಒಂದಷ್ಟು ಧ್ವನಿ ಇದೆ, ಗಾಳಿ ಸದ್ದು ಜಾಸ್ತಿ. ನಿಮ್ಮ ಕಿವಿ ಬೇಕಿತ್ತು." ಭವತೋಷ ಒಪ್ಪಿದ. ಠಾಣೆಯಲ್ಲಿ ಚಹಾ ಕೊಟ್ಟರು. ಸುಲೇಖಾ ಬೆಂಚಿನ ಮೇಲೆ ಕೂತಿದ್ದಳು. ಅವಳನ್ನು ಯಾಕೆ ಕರೆಸಿದ್ದಾರೆಂದು ಅವನಿಗೆ ತಿಳಿಯಲಿಲ್ಲ. ಅವಳು ಅವನನ್ನೇ ನೋಡುತ್ತಿದ್ದಳು, ಅಳುತ್ತಿದ್ದಳು. ಮಂಡಲ್ ಅವನನ್ನು ಒಳಕೋಣೆಗೆ ಕರೆದೊಯ್ದು ಹೆಡ್‌ಫೋನ್ ಕೊಟ್ಟ.

ಮೇಜಿನ ಮೇಲೆ ಕೊತ್ತಂಬರಿ ಬೀಜದಷ್ಟು ಕಪ್ಪು ಮೈಕೊಂದಿತ್ತು. ಅದರ ತಂತಿಯ ತುದಿಯಲ್ಲಿ ಬೆಂಕಿಪೊಟ್ಟಣದ ಗಾತ್ರದ, ಮೂಲೆ ಜಜ್ಜಿದ, ಧ್ವನಿ ಹಿಡಿದಿಡುವ ಯಂತ್ರ. ಸತ್ತವನ ಸೊಂಟದಲ್ಲಿ ಸಿಕ್ಕಿ, ಅವನ ಗಡಿಯಾರ ಉಂಗುರಗಳ ಜೊತೆ ಲಕೋಟೆಯಲ್ಲೇ ಉಳಿದಿತ್ತಂತೆ. ಟಿವಿ ಹುಡುಗಿ ತಮ್ಮದೆಂದು ಕೇಳಿಕೊಂಡು ಬಂದಾಗಲೇ ಅದೇನೆಂದು ಪೊಲೀಸರಿಗೂ ತಿಳಿದದ್ದು; ಊಟದ ಮೇಲೆ ಸಂದರ್ಶನದ ಉಳಿದರ್ಧ ಇದೆ, ಬಿಚ್ಚಬೇಡಿ ಸಾರ್ ಎಂದು ಅವಳೇ ದೇಬಾಂಜನನ ಕಾಲರಿನೊಳಗೆ ಸಿಕ್ಕಿಸಿ ಬಿಟ್ಟಿದ್ದಳು. ಕಿವಿಯೊಳಗೆ ಗಾಳಿ, ಬೆಂಕಿಕಡ್ಡಿ ಗೀರಿದ ಸದ್ದು, ಆಮೇಲೆ ತನ್ನದೇ ಪ್ರಶ್ನೆ. 'ನಾನೇ. ಇನ್ಯಾರು?' ಎಂಬ ಮಾತು ಎಲ್ಲಕ್ಕಿಂತ ಸ್ವಚ್ಛವಾಗಿ ಬಂತು. ಅಲ್ಲಿಂದ ಸುಮ್ಮನೆ ಇಳಿದು ಬಂದಿದ್ದರೆ ಸಾಕಿತ್ತು, ಅವತ್ತು ಸಂಜೆಯೊಳಗೆ ಟಿವಿಯವರು ಇದನ್ನು ಕೇಳಿರುತ್ತಿದ್ದರು. ಯಾರ ಎದುರು ಬಾಯಿ ತೆರೆಯುವ ಮುಂಚೆಯೂ ಮೊದಲು ಕಾಲರು ನೋಡುವುದು ಧ್ವನಿಯವರ ಅಭ್ಯಾಸ. ಅವತ್ತು ಅವನು ಮೊಣಕಾಲೆತ್ತರದ ಗೋಡೆ ನೋಡಿದ್ದ, ಪೌಡರಿನ ಗೆರೆ ನೋಡಿದ್ದ, ಬೆನ್ನು ನೋಡಿದ್ದ. ಕಾಲರು ನೋಡಿರಲಿಲ್ಲ. ಮಂಡಲ್ ಯಂತ್ರ ನಿಲ್ಲಿಸಿ, "ಇಲ್ಲೀವರೆಗೆ ನಿಮ್ಮ ಹೆಂಡತಿಗೂ ಕೇಳಿಸಿದೀನಿ. ಇಲ್ಲೀವರೆಗೆ ನೀವು ನಿರಪರಾಧಿ, ಭವಬಾಬು," ಎಂದು ಮೆಲ್ಲಗೆ ಹೇಳಿ, ಮತ್ತೆ ಗುಂಡಿ ಒತ್ತಿದ.