ಎಮ್ಮಿಗನೂರಿನ ಕೊನೆಯ ಸಾಲು

“ಅಜ್ಜಾರು ಬರಲಿಲ್ಲೇನ್ರಿ?” ಎಂದು ಕೇಳಿದಳು ತ್ರಿವೇಣಿ.

ಬಾಗಿಲಲ್ಲಿ ಹೆಲ್ಮೆಟ್ ಹಿಡಿದು ನಿಂತಿದ್ದವನು ಹಿಂದೆ ತಿರುಗಿ ನೋಡಿದ. “ಯಾವ ಅಜ್ಜಾರ್ರಿ?”

“ಎಮ್ಮಿಗನೂರಿಂದ ವರದಿ ಬರೀತಾರಲ್ರಿ, ಅವರು.”

“ಅದು ನಾನ ರೀ, ವೀರೇಶ್.” ನಗು ತಡೆಯಲು ಮೀಸೆ ಸವರಿಕೊಂಡ. “ಅಷ್ಟು ಮುಪ್ಪಾಗಿ ಬರೀತೀನೇನ್ರಿ?”

ತ್ರಿವೇಣಿಯ ಕಿವಿ ಬೆಚ್ಚಗಾಯಿತು. ಆದರೆ ತಪ್ಪು ಅವಳದೊಂದೇ ಅಲ್ಲ. ಹಳ್ಳಿಗಳಲ್ಲಿದ್ದು ಧರ್ಮ ಹೇಳುವ, ಮಕ್ಕಳಿಗೆ ಪಾಠ ಮಾಡುವ ಮಠದ ಸೇವಕರು ‘ಊರದಾರಿ’ ಮಾಸಪತ್ರಿಕೆಗೆ ವರದಿ ಬರೆಯುತ್ತಾರೆ. ಕೆಳಗೆ ಊರಿನ ಹೆಸರು ಮಾತ್ರ. ಸ್ವಂತ ಮಾತು ಒಂದೂ ಇರಕೂಡದು. ಯಾರ ಹೆಸರು ಮೇಲೆ, ಯಾರದು ಕೆಳಗೆ ಎಂದು ಹಿಂದೊಮ್ಮೆ ಇಬ್ಬರು ಸೇವಕರು ಮುಖ ತಿರುಗಿಸಿಕೊಂಡಾಗ ಹಿರಿಯ ಸ್ವಾಮಿಗಳು ಮಾಡಿದ ನಿಯಮ ಅದು. ಸಂಸಾರದ ಆಸೆ ಬಿಟ್ಟು ದೀಕ್ಷೆ ಪಡೆಯುವ ತಿಂಗಳು ಮಾತ್ರ ಸೇವಕನ ಹೆಸರು ಅಚ್ಚಾಗುತ್ತದೆ. ಅದೇ ಮೊದಲು, ಅದೇ ಕೊನೆ.

ಪತ್ರಿಕೆಯ ಸಂಪಾದಕಿ ತ್ರಿವೇಣಿ ಈಗ ಅದರ ಇತಿಹಾಸ ಬರೆಯುತ್ತಿದ್ದಳು. ಬೆಳಗ್ಗೆ ಚಿತ್ತವಾಡ್ಗಿಯಿಂದ ಆಟೊದಲ್ಲಿ ಹೊಸಪೇಟೆಯ ಮಠಕ್ಕೆ ಬರುವುದು, ಸಂಜೆ ಬೀಗ ಹಾಕಿದ ಮನೆಗೆ ಮರಳುವುದು. ಎಮ್ಮಿಗನೂರಿನ ವರದಿ ಬಂದ ದಿನ ಮಾತ್ರ ಆ ಮನೆ ಅಷ್ಟು ಬಿಕೋ ಎನ್ನುತ್ತಿರಲಿಲ್ಲ. ಪ್ರತಿ ವರದಿಯ ಕೊನೆಗೂ ಸೇವೆಗೆ ಸಂಬಂಧವೇ ಇಲ್ಲದ ಒಂದು ಸಾಲು ಇರುತ್ತಿತ್ತು. ‘ಕಾಲುವೆಗೆ ಹೊಸ ನೀರು ಬಂತು, ನಿಮಗೂ ತೋರಿಸಬೇಕಿತ್ತು.’ ‘ನಾಟಿ ಮುಗಿಯಿತು. ಊಟ ಮಾಡಿದಿರಾ?’ ಯಾರೋ ಅಕ್ಕರೆಯ ಅಜ್ಜ ಎಂದುಕೊಂಡಿದ್ದಳು. ನಿಯಮ ನಿಯಮವೇ. ಕೆಂಪು ಪೆನ್ನಿನಲ್ಲಿ ಆ ಸಾಲನ್ನು ಹೊಡೆದುಹಾಕುತ್ತಿದ್ದಳು.

“ಇತಿಹಾಸಕ್ಕ ನಿಮ್ಮ ಊರಿನ ಮಾತು ಬೇಕಾಗಿತ್ತು. ಕುಂದ್ರಿ,” ಎಂದಳು.

“ಈ ತಿಂಗಳು ನನ್ನ ಹೆಸರೂ ಹಾಕ್ರಿ. ಹುಣ್ಣಿಮಿಗೆ ದೀಕ್ಷೆ.”

ಬರೆದುಕೊಳ್ಳಲು ಹೊರಟ ಅವಳ ಪೆನ್ನು ನಿಂತಿತು.

“ಒಂದು ಮಾತು ಹೇಳ್ಲೇನ್ರಿ?” ಅವನು ಮೇಜು ನೋಡುತ್ತ ಹೇಳಿದ. “ಮಠದ ಸಭಾದಾಗ ನಿಮ್ಮನ್ನ ನೋಡಿದ ಮ್ಯಾಲ ಆ ಕೊನೀ ಸಾಲು ಬರಿಯಾಕ ಹತ್ತಿದೆ. ಒಂದಾರ ಅಚ್ಚಾಗ್ತೈತೇನಂತ ತಿಂಗಳಾ ತಿಂಗಳಾ ನೋಡ್ತಿದ್ದೆ. ಕಡೀಕ, ನೀವು ಬ್ಯಾಡ ಅಂತೀರಿ ಅಂದ್ಕೊಂಡು ದೀಕ್ಷೆಗೆ ಹೂಂ ಅಂದೆ.”

“ಅಯ್ಯೋ! ಹೊಡೆದುಹಾಕಿದ್ದು ಪತ್ರಿಕಿಗೆ ರೀ. ನನಗ ಎಲ್ಲಾ ಬಾಯಿಪಾಠ ಅದಾವು.” ಅವಳು ಕುರ್ಚಿ ಮುಂದಕ್ಕೆ ಎಳೆದುಕೊಂಡಳು. “‘ಊಟ ಮಾಡಿದಿರಾ’ ಅಂತ ಕೇಳಿದ್ರಿ. ಅವತ್ತು ಅಡಿಗಿ ಮಾಡ್ಕೊಂಡು ಉಂಡೆ. ಇಲ್ಲಾಂದ್ರ ಬರೇ ಬ್ರೆಡ್ಡು.”

ಅವನು ತಲೆಯೆತ್ತಿದ. ಅವರ ಕಣ್ಣು ಸೇರಿದ್ದು ಅದೇ ಮೊದಲು. ಇಬ್ಬರಿಗೂ ಬೇರೆಡೆ ನೋಡಲು ಮನಸ್ಸಾಗಲಿಲ್ಲ.

“ದೀಕ್ಷೆದ ಸುದ್ದೀನೂ ಹೊಡೆದುಹಾಕ್ಲೇನ್ರಿ?” ಎಂದಳು ಮೆಲ್ಲಗೆ.

ಅವನು ಮೇಜಿನ ಮೇಲಿದ್ದ ಕೆಂಪು ಪೆನ್ನನ್ನು ಪಕ್ಕಕ್ಕೆ ಸರಿಸಿದ. “ಊರ ಮುಂದ ಮಾತು ಕೊಟ್ಟೀನ್ರಿ. ನನ್ನ ನಂಬಿ ಮಂದಿ ಮಕ್ಕಳನ್ನ ಬಿಟ್ಟಾರ. ಬ್ಯಾಡ್ರಿ.” ಎದ್ದು ನಿಂತ. “ಅಚ್ಚಾಗೋಕಿಂತ ಮೊದಲ ಒಂದ್ಸಲ ಹೆಸರು ಹಿಡಿದು ಕರೀರಿ.”

“ವೀರೇಶ್.”

ಅವನು ಹೆಲ್ಮೆಟ್ಟನ್ನು ಕೋಣೆಯೊಳಗೇ ಹಾಕಿಕೊಂಡ, ಮುಖ ಕಾಣದಿರಲೆಂದು.

ಹೆಸರು ಅಚ್ಚಾಯಿತು. ಮುಂದಿನ ತಿಂಗಳು ಎಮ್ಮಿಗನೂರಿನ ವರದಿ ಬಂತು, ಅದೇ ಕೈಬರಹ. ರೂಢಿಯಂತೆ ತ್ರಿವೇಣಿ ಕೆಂಪು ಪೆನ್ನು ತೆಗೆದಳು. ಪಾಠ, ಪ್ರಾರ್ಥನೆ, ಹೊಸದಾಗಿ ಸೇರಿದ ಮಕ್ಕಳು. ಅಲ್ಲಿಗೆ ಮುಗಿದಿತ್ತು. ಹೊಡೆದುಹಾಕಲು ಏನೂ ಇರಲಿಲ್ಲ.

ಆ ಸಂಜೆ, ಯಾರೂ ಕೇಳದಿದ್ದರೂ, ಅವಳು ಅಡಿಗೆ ಮಾಡಿ ಉಂಡಳು.