ಕೆಂಪು ಹೂವಿನ ನೀಲಿ ಮಣಿ

ಊರಿನ ಸಭಾಂಗಣದ ಪರದೆಯ ಮೇಲೆ ಕೆಂಪು ಹೂವು ಅರಳಿ ಮುಗಿಯುವ ಮುನ್ನವೇ ಐಸಾಯಾ ಕುರ್ಚಿಯನ್ನು ಹಿಂದಕ್ಕೆ ತಳ್ಳಿ ಎದ್ದ. ಸದ್ದಿಗೆ ಸಿನಿಮಾ ನೋಡುತ್ತಿದ್ದ ಮುದುಕಿಯರೆಲ್ಲ ತಿರುಗಿ ನೋಡಿದರು. ಲೋರೀನ್ ತಿರುಗಲಿಲ್ಲ. ಅದು ಯಾರ ಕುರ್ಚಿಯೆಂದು ಅವಳಿಗೆ ಗೊತ್ತಿತ್ತು.

ಆ ಹೂವು ಅವನ ತಾಯಿ ಸಾಯುವ ಮುಂಚೆ ಮೂಸ್ ಎಂಬ ದೊಡ್ಡ ಕಾಡುಜಿಂಕೆಯ ತೊಗಲಿನ ಕೈಗವಸಿನ ಮೇಲೆ ಮಣಿಗಳಲ್ಲಿ ಹೊಲಿದದ್ದು. ಲೋರೀನ್ ಅದನ್ನು ಚಿತ್ರೀಕರಿಸಿ ಒಂದೊಂದೇ ಮಣಿ ಜೀವ ತಳೆಯುವಂತೆ ಮಾಡಿದ್ದಳು. ಅವಳ ಸಿನಿಮಾ ಮುಗಿಯುತ್ತಿದ್ದುದು ಅಲ್ಲಿಗೆ.

ಹೊರಗೆ ಅವನು ಬಾಗಿಲಿಗೆ ಅಡ್ಡ ನಿಂತಿದ್ದ.

“ನೀಲಿ ಮಣಿ ಎಲ್ಲಿ?”

ಅವಳು ಬಾಗಿಲಲ್ಲೇ ನಿಂತಳು.

“ಕೆಂಪಿನ ಮಧ್ಯೆ ಒಂದು ನೀಲಿ. ಅಮ್ಮ ಬೇಕಂತಲೇ ಹಾಕಿದ್ದು. ತಪ್ಪಿಲ್ಲದೆ ಮಾಡೋನು ದೇವರೊಬ್ಬನೇ ಅಂತ ನಿಮ್ಮಜ್ಜೀನೂ ಹಾಕ್ತಿದ್ರಲ್ಲ, ಮರೆತ್ಯಾ?”

“ಮರೆತಿಲ್ಲ. ಪರದೆ ಮೇಲೆ ಅದು ಮಿಣುಕ್ತಿತ್ತು. ಪಟ್ಟಣದೋರು ನನ್ನ ಕೆಲಸಾನೇ ಕೆಟ್ಟಿದೆ ಅನ್ಕೋತಾರೆ ಅಂತ ಅದನ್ನೂ ಕೆಂಪು ಮಾಡ್ದೆ...”

“ಅದಕ್ಕೆ ನೀನು ನಮ್ಮಮ್ಮನ್ನೇ ತಿದ್ದಿಬಿಟ್ಟೆ.”

ಬೇಸಿಗೆಯಲ್ಲಿ ಚಿತ್ರೀಕರಣಕ್ಕೆ ದೀಪ ಹಿಡಿದು ನಿಂತು, ದೀಪಕ್ಕಿಂತ ಅವಳನ್ನೇ ಹೆಚ್ಚು ನೋಡುತ್ತಿದ್ದ ಕಣ್ಣುಗಳು ಅವು. ಅವಳು ನೋಡಿದರೆ ತಟ್ಟನೆ ಕೆಳಗಿಳಿಯುತ್ತಿದ್ದವು. ಈಗ ಇಳಿಯಲಿಲ್ಲ.

“ಹೂವು ತೆಗಿ. ನಿನ್ನ ಮುಖಾನೂ ತೋರಿಸ್ಬೇಡ.”

ಅವಳು ಹೂವನ್ನು ತೆಗೆದೇ ಸಿನಿಮಾವನ್ನು ಪಟ್ಟಣದ ಚಿತ್ರೋತ್ಸವಕ್ಕೆ ಕಳಿಸಿದಳು. ಇದಕ್ಕೆ ಕೊನೆಯೇ ಇಲ್ಲವಲ್ಲ ಎಂದರು ಅಲ್ಲಿನವರು. ಇಲ್ಲ ಎಂದಳು. ಆ ಚಳಿಗಾಲವೆಲ್ಲ ಸೂಜಿ ಹಿಡಿದು ಕೂತಳು.

ಸರೋವರದ ಮಂಜುಗಡ್ಡೆ ಸಡಿಲವಾಗುವ ಮುನ್ನ ಅವನ ಮನೆಗೆ ಹೋದಳು. ಅವನು ಅಂಗಳದಲ್ಲಿ ಮೀನಿನ ಬಲೆಯ ಸಿಕ್ಕು ಬಿಡಿಸುತ್ತಿದ್ದ. ಕೂರು ಎನ್ನಲಿಲ್ಲ.

“ಕ್ಯಾಮೆರಾ ಎಲ್ಲಿ ಬಚ್ಚಿಟ್ಟಿದ್ದೀಯ?”

“ತಂದಿಲ್ಲ.”

ಅವಳು ತಾನೇ ಹೊಲಿದು ತಂದು ಚಾಚಿದ ಕೈಗವಸುಗಳಲ್ಲಿ ಎಡಗೈಯದನ್ನು ತೊಟ್ಟು ತಿರುಗಿಸಿ ನೋಡಿದ.

“ಇದು ಹೂವಾ, ತುಳಿಸ್ಕೊಂಡ ಕಪ್ಪೆಯಾ? ಒಂದು ತಪ್ಪು ಇದ್ರೆ ಸಾಕಿತ್ತು.”

“ನಂಗೆ ಬರೋದೇ ಇಷ್ಟು.”

ಬಲಗೈಯದರ ಹೂವಿನ ನಡುವೆ ಒಂದು ಮಣಿಯಷ್ಟು ಜಾಗ ಖಾಲಿಯಿತ್ತು. ಅವನ ಹೆಬ್ಬೆರಳು ಅಲ್ಲಿ ನಿಂತಿತು.

“ಅದು ಬಿಟ್ಟಿರೋದು,” ಎಂದಳು. “ನೀಲಿದು ನಿಮ್ಮಮ್ಮನ ಮಣಿ ಡಬ್ಬಿಲಿದೆ. ನೀನು ಕೊಟ್ರೆ ಹಾಕ್ತೀನಿ. ಕೊಡದಿದ್ರೆ ಹಾಗೇ ಇರುತ್ತೆ. ಮತ್ತೆ ಬರಲ್ಲ.”

ಅವನು ಒಳಗೆ ಹೋಗಿ ಬಾಗಿಲು ಹಾಕಿಕೊಂಡ. ಅವಳು ನಿಂತಳು. ಕಾಲು ಜೋಮು ಹಿಡಿಯಿತು. ಹೋಗೋಣವೆಂದು ತಿರುಗಿದಳು.

“ಎಲ್ಲಿಗೆ?”

ಅವನ ಬಲಗೈಯಲ್ಲಿ ಅಮ್ಮ ಮಣಿ ಇಡುತ್ತಿದ್ದ ಹಳೆಯ ಚಹಾದ ಡಬ್ಬಿ ಇತ್ತು.

“ಕೂತು ಹೊಲಿ. ಆಮೇಲೆ ನೆಟ್ಟಗಿರೋ ಇನ್ನೊಂದು ಜೊತೆ ಮಾಡ್ಕೊಡು. ಇದನ್ನ ಹಾಕ್ಕೊಂಡು ನಾನು ಹೊರಗೆ ತಿರುಗೋದು ಹೇಗೆ?”

“ಅದಕ್ಕೆ ಇನ್ನೊಂದು ಚಳಿಗಾಲ ಬೇಕು.”

“ನಾನೇನು ಎಲ್ಲಿಗಾದ್ರೂ ಹೋಗ್ತಿದ್ದೀನಾ?”

ದನಿ ಇನ್ನೂ ಗಡುಸಾಗಿಯೇ ಇತ್ತು. ಎಡಗೈಯ ಕೈಗವಸನ್ನು ಅವನು ಬಿಚ್ಚಿರಲಿಲ್ಲ.